ಸುಳ್ಳು ಮದುವೆಯ ಆಯೇರಿ

ನನ್ನ ತಮ್ಮ ಗೌರೀಶ ಯಾರ ಮುಖವನ್ನೂ ಕತ್ತರಿಸಿಲ್ಲ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಬೈಲಹೊಂಗಲದ ಬಸ್ ಸ್ಟ್ಯಾಂಡಿನಿಂದ ಸವದತ್ತಿಯ ಸಂತೆಯವರೆಗೆ ಜನ ಆಡಿಕೊಂಡದ್ದನ್ನು ನಾನು ಕಿವಿಯಾರೆ ಕೇಳಿದ್ದೇನೆ. ನನ್ನ ಹೊಲಿಗೆ ಅಂಗಡಿಗೆ ಕುಬಸ ಹೊಲಿಸಲು ಬಂದ ಹೆಂಗಸರು, ಅಳತೆಗೆ ಕೈ ಎತ್ತಿಕೊಂಡು ನಿಂತೇ, ನಿಮ್ಮ ತಮ್ಮ ಯಾಕೆ ಹಾಗೆ ಮಾಡಿದ ಅಂತ ಕೇಳಿದ್ದಾರೆ. ಅಂಥವರ ಅಳತೆ ತೆಗೆಯುವಾಗ ನಾನು ಟೇಪನ್ನು ಸ್ವಲ್ಪ ಬಿಗಿಯಾಗಿಯೇ ಎಳೆದಿದ್ದೇನೆ.

ಗೌರೀಶ ಸಿನೆಮಾ ಎಡಿಟರ್. ಹಾಗೆಂದರೆ ನಮ್ಮ ಕಡೆ ಬಹಳ ಜನಕ್ಕೆ ತಿಳಿಯುವುದಿಲ್ಲ. ಹೀರೊ ಗೊತ್ತು, ಡೈರೆಕ್ಟರ್ ಗೊತ್ತು, ಕ್ಯಾಮೆರಾ ಹಿಡಿದವನೂ ಗೊತ್ತು. ಶೂಟಿಂಗ್ ಮುಗಿದ ಮೇಲೆ ತೆಗೆದ ಚಿತ್ರವನ್ನೆಲ್ಲ ಮುಂದೆ ಹರವಿಕೊಂಡು, ಬೇಕಾದ್ದನ್ನು ಇಟ್ಟು, ಬೇಡದ್ದನ್ನು ಬಿಟ್ಟು, ಒಂದಕ್ಕೊಂದು ಜೋಡಿಸಿ ಕಥೆ ನಿಲ್ಲಿಸುವವನು ಒಬ್ಬ ಇರುತ್ತಾನೆ ಅಂತ ಯಾರಿಗೂ ಗೊತ್ತಿಲ್ಲ. ಸಿನೆಮಾ ಕೆಟ್ಟಾಗ ಮಾತ್ರ ಅವನ ನೆನಪಾಗುತ್ತದೆ. ನಾನು ಬಟ್ಟೆ ಕತ್ತರಿಸುತ್ತೇನೆ, ಅವನು ಚಿತ್ರ ಕತ್ತರಿಸುತ್ತಾನೆ. ಇಬ್ಬರದೂ ಕತ್ತರಿಯ ಬಾಳೇ.

ಅವನು ಈ ಕೆಲಸ ಕಲಿತದ್ದು ಬೈಲಹೊಂಗಲದಲ್ಲೇ. ಪಿಯುಸಿಯಲ್ಲಿ ನಪಾಸಾದ. ಹತ್ತಿ ಮಾರುಕಟ್ಟೆಯಲ್ಲಿ ತೂಕದ ಕೆಲಸ ಮಾಡುತ್ತಿದ್ದ ಅಪ್ಪ ಬಾಯಿಗೆ ಬಂದಂತೆ ಬೈದ. ಇವನು ಸಿಟ್ಟಿನಲ್ಲಿ ಮನೆ ಬಿಟ್ಟು ಹೋದದ್ದು ಎಲ್ಲಿಗೆ ಅಂದರೆ ನಮ್ಮ ಓಣಿಯ ಕೊನೆಗಿದ್ದ ಮದುವೆ ವೀಡಿಯೊ ಅಂಗಡಿಗೆ. ಎರಡು ಮಷೀನು, ನಡುವೆ ಒಂದು ಟಿವಿ. ಈ ಕ್ಯಾಸೆಟ್ಟಿನಿಂದ ಆ ಕ್ಯಾಸೆಟ್ಟಿಗೆ ಮದುವೆಯನ್ನು ಇಳಿಸುವುದು, ನಡುವೆ ಗುಲಾಬಿ ಹೂ ಅರಳಿಸುವುದು. ಅಂಗಡಿಯ ಮಾಲಕ ಅವನಿಗೆ ಕಲಿಸಿದ ಕಾನೂನು ಒಂದೇ. ಏನು ಬೇಕಾದರೂ ತೆಗೆ, ತಾಳಿ ಕಟ್ಟುವುದನ್ನು ಅರ್ಧ ಮಾಡಿದರೂ ನಡೆಯುತ್ತದೆ, ಆದರೆ ಆಯೇರಿ ಮಾಡಿದವರಲ್ಲಿ ಒಬ್ಬರನ್ನೂ ಬಿಡಬೇಡ.

ಆಯೇರಿ ಅಂದರೆ ಏನು ಅಂತ ಬೇರೆ ಸೀಮೆಯವರಿಗೆ ಹೇಳಬೇಕು. ಅಕ್ಕಿಕಾಳು ಬಿದ್ದು ಮದುವೆ ಮುಗಿದ ಮೇಲೆ, ಬಂದವರು ಸಾಲಾಗಿ ಹಂದರದೊಳಗೆ ಹೋಗಿ ಸೀರೆಯೋ, ಟವೆಲ್ಲೋ, ಹಿತ್ತಾಳೆ ಕೊಡವೋ ಮದುಮಕ್ಕಳ ಕೈಗೆ ಕೊಡುತ್ತಾರೆ. ಪಕ್ಕದಲ್ಲಿ ಒಬ್ಬ ಮೈಕ್ ಹಿಡಿದು, ಇಂಥ ಊರಿನ ಇಂಥವರ ಮನೆಯಿಂದ ಮದುಮಗಳಿಗೆ ಒಂದು ಸೀರೆ ಅಂತ ಕೂಗುತ್ತಾನೆ. ಕೊಟ್ಟವರು ಕ್ಯಾಮೆರಾದ ಕಡೆ ನೋಡಿಯೇ ಕೆಳಗಿಳಿಯುವುದು. ಕೂಗದೆ ಬಿಟ್ಟರೆ, ವೀಡಿಯೊದಲ್ಲಿ ಕಾಣದೆ ಹೋದರೆ, ಆ ಮನೆಗೂ ಈ ಮನೆಗೂ ಮಾತು ಮುಗಿಯಿತು ಅಂತ ಅರ್ಥ. ಗೌರೀಶ ಹೊಸದರಲ್ಲಿ ಒಬ್ಬ ಸೋದರಮಾವನ ಹಂಡೆಯನ್ನು ಬೇಸರವಾಗಿ ಬಿಟ್ಟುಬಿಟ್ಟಿದ್ದ. ಆ ಮಾವ ಕ್ಯಾಸೆಟ್ಟು ಹಿಡಿದು, ನಾಲ್ಕು ಮಂದಿಯನ್ನು ಕರೆದುಕೊಂಡು ಅಂಗಡಿಗೆ ಬಂದು, ಟಿವಿಯ ಮುಂದೆ ಕೂತು ಪೂರಾ ನೋಡಿ, ನಾನು ಎಲ್ಲಿದ್ದೇನೆ ತೋರಿಸು ಅಂತ ಇವನ ಕಪಾಳಕ್ಕೆ ಕೊಟ್ಟ. ಗಂಟೆಗಟ್ಟಲೆ ಕೊಡ, ಚರಗಿ, ತಾಟು ಜೋಡಿಸಿ ಜೋಡಿಸಿ ಇವನಿಗೆ ತಲೆ ಚಿಟ್ಟು ಹಿಡಿಯಿತು. ಬೆಂಗಳೂರಿನ ಬಸ್ಸು ಹತ್ತಿದ.

ಅಲ್ಲಿ ಒಂದು ಎಡಿಟಿಂಗ್ ರೂಮಿನಲ್ಲಿ ನೆಲ ಒರೆಸುವುದರಿಂದ ಶುರು ಮಾಡಿ, ಸಹಾಯಕನಾಗಿ, ಕೊನೆಗೆ ಮೂರು ಸಿನೆಮಾಗಳಲ್ಲಿ ಎಡಿಟರ್ ಅಂತ ಅವನ ಹೆಸರೇ ಬಂತು. ಯಾರನ್ನೂ ಬಿಡಬಾರದು ಅಂತ ಬೈಲಹೊಂಗಲದಲ್ಲಿ ಕಲಿತಿದ್ದ, ಯಾರನ್ನು ಬಿಡಬೇಕು ಅಂತ ಅಲ್ಲಿ ಕಲಿತ. ಆದರೆ ಮೂಗಿನ ತುದಿಯ ಸಿಟ್ಟು ಎಲ್ಲಿಗೆ ಹೋದರೂ ಜೊತೆಗೇ ಹೋಗುತ್ತದೆ. ಒಬ್ಬ ಹೀರೊ ತನ್ನ ಮುಖ ಪರದೆಯ ಮೇಲೆ ಇನ್ನೂ ಸ್ವಲ್ಪ ಹೊತ್ತು ನಿಲ್ಲಲಿ ಅಂದದ್ದಕ್ಕೆ, ಇಷ್ಟೇ ಜಾಸ್ತಿಯಾಯಿತು ಅಂದುಬಿಟ್ಟ. ಆಮೇಲೆ ಕೆಲಸ ಕಡಿಮೆಯಾಯಿತು. ಕರೋನಾದಲ್ಲಿ ಕಂಪ್ಯೂಟರ್ ಹೊತ್ತು ಊರಿಗೆ ಬಂದವನು ಇಲ್ಲೇ ಉಳಿದ. ನಮ್ಮ ಹಿಂದಿನ ಕೋಣೆಯಲ್ಲಿ ಕಿಟಕಿಗೆ ಕರಿ ಬಟ್ಟೆ ಹೊಡೆದುಕೊಂಡು ಜನಪದ ಹಾಡಿನ ವೀಡಿಯೊ, ಸಣ್ಣಪುಟ್ಟ ಸಿನೆಮಾ ಜೋಡಿಸುತ್ತಿದ್ದ. ಕರಿ ಬಟ್ಟೆ ನಾನೇ ಹೊಲಿದುಕೊಟ್ಟದ್ದು.

ಆಗ ಬಂದವನು ಕಾಂತೇಶ. ಸವದತ್ತಿಯಲ್ಲಿ ಅವನದು ಬಟ್ಟೆ ಅಂಗಡಿ, ಕೈಯಲ್ಲಿ ಉಂಗುರ, ಬಾಯಲ್ಲಿ ಬೆಲ್ಲ. ತಾನೇ ಹಣ ಹಾಕಿ, ತಾನೇ ಡೈರೆಕ್ಟರ್ ಆಗಿ, ನಮ್ಮ ಕಡೆಯ ಮಾತಿನಲ್ಲಿ ನಮ್ಮವರದೇ ಸಿನೆಮಾ ಮಾಡುತ್ತೇನೆ ಅಂದ. ನಮ್ಮ ಕಡೆಯ ಎಡಿಟರ್ ನೀನಿರುವಾಗ ಬೇರೆಯವರು ಯಾಕೆ ಅಂದ. ಗೌರೀಶನಿಗೆ ಅಷ್ಟು ಖುಷಿಯಾದದ್ದನ್ನು ನಾನು ಬಹಳ ವರ್ಷದಿಂದ ನೋಡಿರಲಿಲ್ಲ. ನನಗೂ ಚಹಾ ಮಾಡಿಕೊಟ್ಟ, ಅದು ಅವನ ಜನ್ಮದಲ್ಲಿ ಮೊದಲು.

ಸಿನೆಮಾದಲ್ಲಿ ಒಂದು ದೊಡ್ಡ ಮದುವೆ ಇತ್ತು. ಅದಕ್ಕೆ ಜನ ಬೇಕು, ಜನರಿಗೆ ಕೂಲಿ ಕೊಡಬೇಕು. ಕಾಂತೇಶ ಕೂಲಿ ಉಳಿಸುವ ದಾರಿ ಹುಡುಕಿದ. ಮನೋಳಿಯಲ್ಲಿ ಹಂದರ ಹಾಕಿಸಿ, ಹಿಂದಿನ ದಿನ ಊರ ತುಂಬ ಗಾಡಿ ಓಡಿಸಿ ಮೈಕಿನಲ್ಲಿ ಕೂಗಿಸಿದ: ನಾಳೆ ನಮ್ಮ ಸಿನೆಮಾದ ಮದುವೆ, ನಿಮ್ಮ ಮನೆಯ ಮದುವೆ ಅಂತಲೇ ಬರ್ರಿ, ಆಯೇರಿ ತೊಗೊಂಡು ಬರ್ರಿ, ಎಲ್ಲರ ಹೆಸರೂ ಮುಖವೂ ಸಿನೆಮಾದಲ್ಲಿ ಬರುತ್ತದೆ. ಮದುವೆ ಅಂದ ಮೇಲೆ ಬರಿಗೈಯಲ್ಲಿ ಹೋಗಲು ನಮ್ಮ ಜನಕ್ಕೆ ಬರುವುದಿಲ್ಲ. ಮದುಮಗಳು ಬೆಂಗಳೂರಿನ ನಟಿ, ಮದುಮಗನಿಗೆ ಹುಬ್ಬಳ್ಳಿಯಲ್ಲಿ ಹೆಂಡತಿ ಮಕ್ಕಳು ಇದ್ದರು. ಆದರೂ ಊರಿಗೆ ಊರೇ ಹೊಸ ಬಟ್ಟೆ ಉಟ್ಟು, ಖರೇ ಸೀರೆ, ಖರೇ ಕೊಡ ಹಿಡಿದು ಸಾಲು ನಿಂತಿತು. ಮೈಕಿನವನು ಮಧ್ಯಾಹ್ನದವರೆಗೆ ಒಬ್ಬೊಬ್ಬರ ಹೆಸರೂ ಕೂಗಿದ. ಗೌರೀಶ ಅಲ್ಲಿರಲಿಲ್ಲ. ಎಡಿಟರ್ ಶೂಟಿಂಗಿಗೆ ಹೋಗುವುದಿಲ್ಲ, ತೆಗೆದದ್ದೆಲ್ಲ ತುಂಬಿದ ಡಿಸ್ಕು ಮನೆಗೆ ಬರುತ್ತದೆ.

ಡಿಸ್ಕು ಬಂದಾಗ ಅದರಲ್ಲಿ ಆಯೇರಿ ಮಾಡುವವರು ನಾಲ್ಕೈದು ಜನ ಮಾತ್ರ ಇದ್ದರು. ಇಷ್ಟೇ ಏನು ಅಂತ ಫೋನಿನಲ್ಲಿ ಕೇಳಿದ್ದಕ್ಕೆ, ಬ್ಯಾಟರಿ ಮುಗಿಯಿತು, ಇಷ್ಟು ಸಾಕು ಬಿಡು ಅಂದ ಕಾಂತೇಶ. ಇದ್ದಷ್ಟನ್ನು ಇವನು ಚೆಂದ ಜೋಡಿಸಿದ. ಊರಿಗೆ ಏನು ಮಾತು ಕೊಟ್ಟಿದ್ದರು ಅನ್ನುವುದು ಇವನಿಗೆ ಗೊತ್ತೇ ಇರಲಿಲ್ಲ.

ಮೊದಲ ಆಟ ಸವದತ್ತಿಯ ಟಾಕೀಸಿನಲ್ಲಿ. ನಾನೂ ಗೌರೀಶನೂ ಹಿಂದಿನ ಸಾಲಿನಲ್ಲಿ ಕೂತಿದ್ದೆವು. ಮನೋಳಿಯಿಂದ ಟ್ರ್ಯಾಕ್ಟರಿನಲ್ಲಿ, ಟೆಂಪೋದಲ್ಲಿ ಜನ ಬಂದಿದ್ದರು, ಅದೇ ಹೊಸ ಬಟ್ಟೆಯಲ್ಲಿ. ಮದುವೆ ಬಂದ ಕೂಡಲೇ ಇಡೀ ಟಾಕೀಸು ಎದ್ದು ಕೂತಿತು. ಒಂದು ಕೊಡ, ಒಂದು ಸೀರೆ, ನಾಲ್ಕು ಮುಖ, ಮುಂದಿನ ಸೀನು. ಸ್ವಲ್ಪ ಹೊತ್ತು ಯಾರಿಗೂ ನಂಬಿಕೆಯಾಗಲಿಲ್ಲ, ಮತ್ತೆ ಬರಬಹುದು ಅಂತ ಕಾದರು. ಬರುವುದಿಲ್ಲ ಅಂತ ಗೊತ್ತಾದ ಮೇಲೆ ಗದ್ದಲ ಎದ್ದಿತು, ಆಟ ನಿಲ್ಲಿಸಿದರು. ಕಾಂತೇಶ ಪರದೆಯ ಮುಂದೆ ನಿಂತು ಮೈಕ್ ತೆಗೆದುಕೊಂಡ. "ನಾ ನಿಮ್ಮನ್ನೆಲ್ಲಾ ತಗದಿದ್ನಿರಿ. ಒಬ್ಬರನ್ನೂ ಬಿಟ್ಟಿದ್ದಿಲ್ಲ. ಎಡಿಟರ್ ಕತ್ತರಿ ಹಾಕ್ಯಾನ. ಅಗಾ, ಅಲ್ಲಿ ಹಿಂದ ಕುಂತಾನ ನೋಡ್ರಿ" ಅಂದ.

ಟಾಕೀಸಿನ ಅಷ್ಟೂ ತಲೆಗಳು ಹಿಂದಕ್ಕೆ ತಿರುಗಿದವು. ಗೌರೀಶ ಎದ್ದು ಕೂಗಿದ, ಆದರೆ ಮೈಕು ಇದ್ದದ್ದು ಕಾಂತೇಶನ ಕೈಯಲ್ಲಿ. ಯಾರೋ ಅವನ ಅಂಗಿ ಹಿಡಿದರು. ನಾನು ಅವನನ್ನು ಎಳೆದುಕೊಂಡು ಹೊರಗೆ ಬಂದೆ, ದಾರಿಗೆ ಅಡ್ಡ ಬಂದವರಿಗೆ ನನ್ನ ಚೀಲದಿಂದಲೇ ಎರಡು ಬಿಟ್ಟೆ. ಇವತ್ತಿಗೂ ಅದರ ಬಗ್ಗೆ ನನಗೆ ಬೇಸರವಿಲ್ಲ.

ಹೀಗೆ ನನ್ನ ತಮ್ಮ ತನ್ನ ಸೀಮೆಯಲ್ಲಿ ಮುಖ ಕತ್ತರಿಸುವವನಾದ. ಬೆಂಗಳೂರಿನಲ್ಲಿ ಹೆಸರು ಕೆಟ್ಟರೆ ಊರಿಗೆ ಬರಬಹುದು, ಊರಲ್ಲಿ ಕೆಟ್ಟರೆ ಎಲ್ಲಿಗೆ ಹೋಗುವುದು? ಹಾಡಿನ ವೀಡಿಯೊ ಮಾಡುವ ಹುಡುಗರು ಬರುವುದನ್ನು ಬಿಟ್ಟರು. ಕಟಿಂಗ್ ಅಂಗಡಿಯವನು ಕೂಡ, ಇವತ್ತು ನಾನೇ ನಿನ್ನ ಮೇಲೆ ಕತ್ತರಿ ಹಾಕುತ್ತೇನೆ ಅಂತ ಚೇಷ್ಟೆ ಮಾಡಿದನಂತೆ. ಗೌರೀಶ ಅರ್ಧ ಕೂದಲಲ್ಲೇ ಎದ್ದು ಮನೆಗೆ ಬಂದ.

ಅದಾದ ವಾರದಲ್ಲಿ ಒಂದು ಮಧ್ಯಾಹ್ನ ನಮ್ಮ ಬಾಗಿಲಿಗೆ ಒಬ್ಬ ಮುದುಕಿ ಬಂದಳು. ಇಳಕಲ್ ಸೀರೆ, ಹಣೆಯಲ್ಲಿ ವಿಭೂತಿ, ಬಿಸಿಲಿಗೆ ಕೆಂಪಾದ ಮುಖ. ಮನೋಳಿಯಿಂದ ಬಂದಿದ್ದಳು, ಸವದತ್ತಿಯಲ್ಲಿ ಬಸ್ಸು ಬದಲಿಸಿ, ಬೈಲಹೊಂಗಲದಲ್ಲಿ ಮನೆ ಕೇಳಿಕೊಂಡು. ನೀರು ಕೊಟ್ಟರೆ ಮುಟ್ಟಲಿಲ್ಲ. ಗೌರೀಶ ಹೊರಗೆ ಬಂದ ಮೇಲೆ ಅವನನ್ನೇ ನೋಡುತ್ತಾ ಕೇಳಿದಳು.

"ಸಿನೆಮಾ ಕತ್ತರಿಸಾವ ನೀನ ಏನಪಾ? ನಾ ನಿನಗೇನ ಮಾಡಿದ್ನಿ? ನನ್ನ ಯಾಕ ಕತ್ತರಿಸಿದಿ?"

ಬೈದಿದ್ದರೆ ಗೌರೀಶ ತಿರುಗಿ ಬೈಯುತ್ತಿದ್ದ. ಹೀಗೆ ಕೇಳಿದ್ದಕ್ಕೆ ಹೊಸ್ತಿಲಲ್ಲೇ ಕೂತುಬಿಟ್ಟ. ನಾನು ಅವಳನ್ನು ಕಟ್ಟೆಯ ಮೇಲೆ ಕೂರಿಸಿದೆ. ಅವಳ ಹೆಸರು ಮಾಯವ್ವ. ಗಂಡ ಮಡಿವಾಳೆಪ್ಪ ತೀರಿಕೊಂಡು ಬಹಳ ವರ್ಷ. ಮದುವೆಯಾಗಿ ಮನೋಳಿಗೆ ಬಂದಂದಿನಿಂದ ಎಷ್ಟೋ ಹಂದರಗಳಲ್ಲಿ ಆಯೇರಿ ಮಾಡಿದ್ದಾಳೆ. ಸೀರೆ ಆರಿಸುವವಳು ಅವಳು, ಹೊತ್ತುಕೊಂಡು ಹೋಗುವವಳು ಅವಳು, ಮೈಕಿನಲ್ಲಿ ಕೂಗುವುದು ಮಡಿವಾಳೆಪ್ಪನವರ ಮನೆಯಿಂದ ಅಂತ. ಗಂಡ ಹೋದ ಮೇಲೆ ದೊಡ್ಡ ಮಗನ ಹೆಸರು ಶುರುವಾಯಿತು. ಸಿನೆಮಾ ಮದುವೆಯ ದಿನ ಮಕ್ಕಳು ಹೊಲಕ್ಕೆ ಹೋಗಿದ್ದರು. ಮೈಕಿನವನು ಯಾರ ಹೆಸರು ಅಂದಾಗ, ಮನೆಯಿಂದ ಯಾಕೆ ಅಂತ ಕೇಳುವವರು ಯಾರೂ ಬಂದಿಲ್ಲವಲ್ಲ ಅಂತ ಧೈರ್ಯ ಮಾಡಿ ತನ್ನ ಹೆಸರನ್ನೇ ಹೇಳಿದಳು. ಅವನು ಕೂಗಿಯೂ ಬಿಟ್ಟ.

ಸುಳ್ಳು ಮದುವೆ ಅಂತ ಗೊತ್ತಿರಲಿಲ್ಲವೇ ಅಂತ ನಾನು ಕೇಳಿದೆ. ನನ್ನನ್ನು ದಡ್ಡಿಯಂತೆ ನೋಡಿದಳು. "ಮದಿವಿ ಸುಳ್ಳು ಅಂತ ನನಗೂ ಗೊತ್ತಿತ್ತವಾ. ಸೀರಿ ಖರೇದು ಅಲ್ಲೇನು? ನನ್ನ ಹೆಸರ ಖರೇದು ಅಲ್ಲೇನು?"

ಟಾಕೀಸಿಗೆ ಹೋಗುವಾಗ ಸೊಸೆಯಂದಿರಿಗೆಲ್ಲ ಹೇಳಿಕೊಂಡು ಹೋಗಿದ್ದಳಂತೆ. ಈಗ ಮನೆಯಲ್ಲಿ ದಿನಾ ನಗೆ. ಅಷ್ಟು ಹೇಳಿ ಎದ್ದು ಹೋದಳು, ನೀರು ಅಲ್ಲೇ ಉಳಿಯಿತು.

ಗೌರೀಶ ಕೋಣೆಗೆ ಹೋಗಿ ಡಿಸ್ಕನ್ನು ಮತ್ತೆ ತೆರೆದ. ಸಿನೆಮಾದಲ್ಲಿ ಚಿತ್ರವನ್ನು ಕ್ಯಾಮೆರಾ ಹಿಡಿಯುತ್ತದೆ, ದನಿಯನ್ನು ಬೇರೆ ಮಷೀನು ಹಿಡಿಯುತ್ತದೆ, ಎರಡನ್ನೂ ಕೂಡಿಸುವುದು ಎಡಿಟರನ ಕೆಲಸ. ಚಿತ್ರ ನಾಲ್ಕೈದು ಜನರಿಗೆ ಮುಗಿಯುತ್ತಿತ್ತು. ದನಿ ಮಾತ್ರ ಮುಗಿಯಲೇ ಇಲ್ಲ. ಹೆಸರಿನ ಮೇಲೆ ಹೆಸರು, ಕೊಡದ ಸದ್ದು, ಕೂಸಿನ ಅಳು, ಬೇಗ ಸರೀರಿ ಅನ್ನುವವರ ಗದರಿಕೆ. ಮೊದಲು ಕೆಲಸ ಮಾಡುವಾಗ ಚಿತ್ರ ಇಲ್ಲದ ದನಿ ಯಾಕೆ ಅಂತ ಅವನು ಅದನ್ನು ಪೂರ್ತಿ ಕೇಳಿರಲಿಲ್ಲ. ಈಗ ಕೇಳಿದ. ನನ್ನನ್ನೂ ಕರೆದು ಕೂರಿಸಿದ. ಅದರೊಳಗೆ ಮಾಯವ್ವ ಇದ್ದಳು.

ದನಿ ಹಿಡಿದವನು ಸವದತ್ತಿಯ ಅಲ್ತಮಶ, ಮದುವೆಗಳಿಗೆ ಸ್ಪೀಕರ್ ಬಾಡಿಗೆ ಕೊಡುವವನು, ಗೌರೀಶನ ಹಳೆಯ ಗೆಳೆಯ. ಫೋನಿನಲ್ಲಿ ಅವನೇ ಬಾಯಿಬಿಟ್ಟ. ಬ್ಯಾಟರಿಯೂ ಮುಗಿದಿರಲಿಲ್ಲ, ಏನೂ ಇಲ್ಲ. ನಾಲ್ಕೈದು ಜನ ಆದ ಮೇಲೆ ಕಾಂತೇಶ ಕ್ಯಾಮೆರಾದವನ ಕಿವಿಯಲ್ಲಿ ಸಾಕು ಅಂದ. ಕ್ಯಾಮೆರಾ ಜನರ ಕಡೆಗೇ ಮುಖ ಮಾಡಿಕೊಂಡು ನಿಂತಿತ್ತು, ಕ್ಯಾಮೆರಾದವನು ಚಹಾ ಕುಡಿಯುತ್ತಿದ್ದ. ಆದರೆ ಕಟ್ ಅಂತ ಕೂಗುವ ಹಾಗಿರಲಿಲ್ಲ. ಕೂಗಿದರೆ ಜನಕ್ಕೆ ಗೊತ್ತಾಗುತ್ತದೆ, ಗೊತ್ತಾದರೆ ಎದ್ದು ಹೋಗುತ್ತಾರೆ, ಮಧ್ಯಾಹ್ನದ ಊಟದ ಸೀನಿಗೆ ಜನ ಸಿಗುವುದಿಲ್ಲ. ಅಲ್ತಮಶ ದೂರ ಬೇವಿನ ಗಿಡದ ಕೆಳಗೆ ಕೂತಿದ್ದ. ಕಟ್ ಕೇಳುವವರೆಗೆ ಮಷೀನು ನಿಲ್ಲಿಸಬಾರದು ಅನ್ನುವುದು ಅವನ ಕೆಲಸದ ರೀತಿ. ಯಾರೂ ಕಟ್ ಅನ್ನಲಿಲ್ಲ, ಅವನು ನಿಲ್ಲಿಸಲಿಲ್ಲ.

ನನ್ನ ಮೈಯೆಲ್ಲ ಉರಿಯಿತು. ಊರ ಜನ ತಮ್ಮ ಮನೆಯ ಮದುವೆ ಅಂತ ಸಾಲು ನಿಂತು, ತಲೆ ಬಾಚಿಕೊಂಡು, ಸೆರಗು ಸರಿ ಮಾಡಿಕೊಂಡು, ಸತ್ತ ಕ್ಯಾಮೆರಾದ ಕಡೆ ನೋಡಿ ನಕ್ಕಿದ್ದಾರೆ. ಆಮೇಲೆ ಕಾಂತೇಶ ಅದರ ಗೂಬೆಯನ್ನು ನನ್ನ ತಮ್ಮನ ಮೇಲೆ ಕೂರಿಸಿದ್ದಾನೆ. ಗೌರೀಶ ಕಾಂತೇಶನಿಗೆ ಫೋನ್ ಮಾಡಿ ಬೈದದ್ದನ್ನು ಇಲ್ಲಿ ಬರೆಯಲಾಗುವುದಿಲ್ಲ. ಕಾಂತೇಶ ಸಿಟ್ಟಾಗಲೂ ಇಲ್ಲ. ಮಂದಿ ಮರೆಯುತ್ತಾರೆ ಬಿಡೋ, ನಿನ್ನ ಹೆಸರಿನಲ್ಲಿ ಹೋದರೆ ನಿನಗೇನು ಹೋಗುತ್ತದೆ, ಎಡಿಟರನ್ನು ಯಾರು ನೆನಪಿಡುತ್ತಾರೆ ಅಂದನಂತೆ.

ಮರುದಿನ ಗೌರೀಶ ಅಲ್ತಮಶನ ಸ್ಪೀಕರ್ ಹೊರಿಸಿಕೊಂಡು ಮನೋಳಿಗೆ ಹೋದ. ಬೇಡ, ಹೊಡೆಯುತ್ತಾರೆ ಅಂದೆ, ಕೇಳಲಿಲ್ಲ, ನಾನೂ ಹೋದೆ. ಸಮುದಾಯ ಭವನದ ಮುಂದೆ ಸ್ಪೀಕರ್ ಇಟ್ಟು ದನಿ ಬಿಟ್ಟ. ತಮ್ಮ ಹೆಸರು ಕೇಳಿ ಜನ ಒಬ್ಬೊಬ್ಬರಾಗಿ ಹೊರಗೆ ಬಂದರು. ಬಂದವರು ಮೊದಲು ಬೈದರು. ಗೌರೀಶ ಕೈ ಅಡ್ಡ ಹಿಡಿದು ದನಿ ನಿಲ್ಲಿಸಿದ.

"ಇಲ್ಲೀತನಕ ಕ್ಯಾಮೆರಾ ಚಾಲೂ ಇತ್ತು. ಇದರ ಮುಂದಿಂದಕ್ಕ ಬಂದ್ ಇತ್ತು. ನಾ ನಿಮ್ಮನ್ನ ಕತ್ತರಿಸಿಲ್ರಿ. ನಿಮ್ಮನ್ನ ಯಾರೂ ತಗದ ಇಲ್ಲ."

ಮತ್ತೆ ದನಿ ಬಿಟ್ಟ. ಕೇಳುತ್ತಾ ಕೇಳುತ್ತಾ ಜನ ಕೆಳಗೆ ಕೂತರು. ಕೆಲವರು ತಮ್ಮ ಹೆಸರು ಬಂದಾಗ ತಲೆ ತಗ್ಗಿಸಿದರು, ನಾಚಿಕೆ ಪಡಬೇಕಾದವನು ಬೇರೆಯವನಾದರೂ. ಒಬ್ಬ ಹಿರಿಯ, ಇವನ ಮಾತು ನಂಬುವುದು ಹೇಗೆ, ಚಿತ್ರ ಕಿತ್ತೊಗೆದು ದನಿ ಮಾತ್ರ ಇಟ್ಟುಕೊಂಡಿರಬಹುದಲ್ಲ ಅಂದ. ಅರ್ಧ ಜನ ಹೌದು ಅಂದರು. ಆಗಲೇ ಮೈಕಿನವನ ದನಿ, ಮನೋಳಿಯ ಮಾಯವ್ವ, ಇವರಿಂದ ಮದುಮಗಳಿಗೆ ಒಂದು ಸೀರೆ ಅಂತ ಕೂಗಿತು. ಅವಳ ದೊಡ್ಡ ಮಗ ಅಲ್ಲೇ ನಿಂತಿದ್ದ, ಅವ್ವನ ಕಡೆ ತಿರುಗಿ ನೋಡಿದ. ಅವಳು ಅವನ ಕಡೆ ನೋಡಲಿಲ್ಲ.

"ಹೆಸರ ಕೇಳಿಸ್ತು. ಮಾರಿ ಕಾಣಲಿಲ್ಲ ಅಂದ ಮ್ಯಾಲೆ ಅದು ಆಯೇರಿ ಅಲ್ಲ" ಅಂದಳು. "ನನ್ನ ಸೀರಿ ನಾ ಹೊಳ್ಳಿ ಇಸ್ಕೊಂತೇನಿ."

ಕೊಟ್ಟ ಆಯೇರಿಯನ್ನು ತಿರುಗಿ ಕೇಳುವುದು ನಮ್ಮ ಕಡೆ ಯಾರೂ ಮಾಡದ ಕೆಲಸ. ಕೇಳಿದರೆ ಆ ಮನೆಯ ಹೊಸ್ತಿಲನ್ನು ಮುಂದೆಂದೂ ತುಳಿಯುವುದಿಲ್ಲ ಅಂತ ಅರ್ಥ. ಮಗ ಅಡ್ಡ ಬಂದ, ಮನೆತನದ ಮರ್ಯಾದೆ ಅಂದ. ಯಾರ ಮನೆತನ ಅಂತ ಅವಳು ಕೇಳಿದಳು. ಅವನು ದಾರಿ ಬಿಟ್ಟ.

ಮಾಯವ್ವ ನಮ್ಮ ಜೊತೆ ಸವದತ್ತಿಯ ಬಸ್ಸು ಹತ್ತಿದಳು. ಊರಿನ ಹೆಂಗಸರು ಕೆಲವರು ಹಿಂದಿನಿಂದ ಟೆಂಪೋ ಮಾಡಿಕೊಂಡು ಬಂದರು. ಕಾಂತೇಶನ ಅಂಗಡಿಯ ಮೆಟ್ಟಿಲ ಹತ್ತಿರ ಗೌರೀಶ ಫೋನ್ ತೆಗೆದು ಹಿಡಿದ. ಮಾಯವ್ವ ನಿಂತಳು.

"ಚಾಲೂ ಐತೇನಪಾ?"

"ಐತಿ ಅವ್ವಾ."

"ನಡುವ ಬಂದ್ ಮಾಡಬ್ಯಾಡ."

ಕಾಂತೇಶ ಗಲ್ಲೆಯ ಮೇಲೆ, ಹಣದ ಪೆಟ್ಟಿಗೆಯ ಮುಂದೆ ಕೂತಿದ್ದ. ಹೆಂಗಸರನ್ನು ಕಂಡು ವ್ಯಾಪಾರ ಅಂದುಕೊಂಡು ಕುಂಡರ್ರಿ ಅಂದ. ಆಮೇಲೆ ಗೌರೀಶನನ್ನು ನೋಡಿ ಮುಖ ಹುಳ್ಳಗಾಯಿತು. ಆದರೂ ನಗು ಬಿಡಲಿಲ್ಲ. ಮಾಯವ್ವ ತನ್ನ ಸೀರೆ ಕೇಳಿದಳು. ಅವನು ಆಳಿಗೆ ಸನ್ನೆ ಮಾಡಿ ಸೀರೆಗಳನ್ನು ಹರವಿಸಿದ, ಒಂದಕ್ಕಿಂತ ಒಂದು ಭಾರಿ. ಇವುಗಳಲ್ಲಿ ಯಾವುದು ಬೇಕಾದರೂ ಒಯ್ಯಿರಿ ಅಂದ. ಮನೋಳಿಯವರು ಕೊಟ್ಟ ಸೀರೆ ಕೊಡಗಳನ್ನು ಶೂಟಿಂಗ್ ಮುಗಿದ ದಿನವೇ ತನ್ನ ಜನಕ್ಕೆ ಹಂಚಿ ಮುಗಿಸಿದ್ದ, ಅದು ನಮಗೆ ಅಲ್ತಮಶನಿಂದ ಗೊತ್ತಿತ್ತು.

ಮಾಯವ್ವ ಒಂದನ್ನೂ ಮುಟ್ಟಲಿಲ್ಲ. "ನಾ ಕೊಟ್ಟದ್ದ ಕೊಡ್ರಿ" ಅಂದಳು.

"ಅದನ್ನ ಈಗ ಹೆಂಗ ಹುಡುಕೂದ್ರಿ ಯವ್ವಾ? ನೀವು ಯಾರ ಮನಿಯವ್ರಿ?"

"ಯಾರ ಮನಿ ಅಂತ ಬ್ಯಾಡ. ಸೀರಿ ಇಲ್ಲಂದ್ರ ಇಲ್ಲ. ಯಾರ ಹೆಸರಿನ್ಯಾಗ ಕೊಟ್ಟಿದ್ನಿ, ಅಷ್ಟ ಹೇಳ್ರಿ. ಅವತ್ತ ನೀವು ಅಲ್ಲೇ ನಿಂತಿದ್ರಿ."

ಕಾಂತೇಶ ಒಬ್ಬೊಬ್ಬರ ಮುಖವನ್ನೂ ನೋಡಿದ. ಯಾರೂ ಹೇಳಿಕೊಡಲಿಲ್ಲ. ಅವಳು ಅದನ್ನೇ ಮತ್ತೆ ಕೇಳಿದಳು, ಮತ್ತೆ ಕೇಳಿದಳು. ಕೊನೆಗೆ ಅವನ ತಾಳ್ಮೆ ತಪ್ಪಿತು. "ಕ್ಯಾಮೆರಾ ಬಂದ್ ಮಾಡಿಸಿದ ಮ್ಯಾಲೆ ಬಂದವರ ಹೆಸರ ನನಗ ಹೆಂಗ ಗೊತ್ತಿರತೈತ್ರಿ?" ಅಂದುಬಿಟ್ಟ.

ಅಂದ ಮೇಲೆ ಅವನಿಗೂ ಕೇಳಿಸಿತು. ಆಳು ಕೈಯಲ್ಲಿದ್ದ ಸೀರೆಯನ್ನು ಮಡಚುವುದೋ ಬಿಡುವುದೋ ತಿಳಿಯದೆ ಹಾಗೇ ಹಿಡಿದು ನಿಂತ. ನನ್ನ ತಮ್ಮನ ಹೆಸರು ಉಳಿಯಲು ಅಷ್ಟೇ ಸಾಕಾಗಿತ್ತು. ಅಲ್ಲಿಗೆ ನಿಲ್ಲಿಸಿ ಅದೊಂದೇ ಮಾತನ್ನು ಊರೆಲ್ಲ ಹಂಚಬಹುದಿತ್ತು. ನಾನು ಗೌರೀಶನ ತೋಳು ಜಗ್ಗಿ, ಸಾಕು ನಡಿ ಅಂದೆ. ಅವನು ನನ್ನ ಕೈ ಕೊಡವಿ ಫೋನ್ ಹಿಡಿದೇ ನಿಂತ.

ಆ ವೀಡಿಯೊ ಈಗ ಬಹಳ ಜನರ ಫೋನಿನಲ್ಲಿದೆ. ನೋಡಿದವರೆಲ್ಲ ಕಾಂತೇಶ ಬಾಯಿ ಜಾರಿದ್ದನ್ನೇ ಮಾತಾಡುತ್ತಾರೆ. ಅದಾದ ಮೇಲೆ ಯಾರೂ ಮಾತಾಡದೆ ಅಂಗಡಿ ಹಾಗೇ ನಿಂತಿರುವ ಹೊತ್ತು ಬರುತ್ತದೆ, ಯಾವ ಎಡಿಟರ್ ಆದರೂ ಅದನ್ನು ಕಿತ್ತೆಸೆಯುತ್ತಿದ್ದ. ಗೌರೀಶ ಒಂದು ಎಳೆಯನ್ನೂ ತೆಗೆದಿಲ್ಲ. ಮಾಯವ್ವ ಕಾಂತೇಶನ ಎದುರು ನಿಂತು ಕಾಯುತ್ತಾಳೆ. ಅವನು ಹೇಳುವುದಿಲ್ಲ ಅಂತ ಖಾತ್ರಿಯಾದ ಮೇಲೆ ನಿಧಾನಕ್ಕೆ ಫೋನಿನ ಕಡೆ ತಿರುಗುತ್ತಾಳೆ, ಸೆರಗು ಸರಿ ಮಾಡಿಕೊಳ್ಳುತ್ತಾಳೆ.

"ಮಾಯವ್ವ" ಅನ್ನುತ್ತಾಳೆ. "ಊರು ಮನೋಳಿ. ಈಗ ಬಂದ್ ಮಾಡು."